ಅಪ್ಪನ ಕೆಲಸಕ್ಕೆ ಅಮ್ಮ

ಅಪ್ಪ ತರೀಕೆರೆಯ ಸರ್ಕಾರಿ ಪ್ರೌಢಶಾಲೆಯಲ್ಲಿ ಗುಮಾಸ್ತರಾಗಿದ್ದರು. ಬೀರೂರಿನ ನಮ್ಮ ಮನೆಯಿಂದ ದಿನವೂ ರೈಲಿನಲ್ಲಿ ಹೋಗಿಬರುತ್ತಿದ್ದರು. ನಿವೃತ್ತಿಗೆ ಇನ್ನೂ ವರ್ಷಗಳಿರುವಾಗಲೇ ಎದೆನೋವು ಬಂದು ತೀರಿಹೋದರು. ಕಾರ್ಯಗಳೆಲ್ಲ ಮುಗಿದು ನೆಂಟರು ಎಲೆ ಅಡಿಕೆ ಹಾಕಿಕೊಳ್ಳುತ್ತಿದ್ದಾಗ, ಯಗಟಿಯಿಂದ ಬಂದಿದ್ದ ಚಿಕ್ಕಪ್ಪ ನನ್ನ ಬೆನ್ನು ತಟ್ಟಿ ಹೇಳಿದರು:

"ನೀನೇನೂ ಯೋಚ್ನೆ ಮಾಡ್ಬೇಡ ಕಣೋ. ಅನುಕಂಪದ ನೌಕರಿ ಅಂತ ಐತೆ. ಅಪ್ಪ ಸರ್ವೀಸಲ್ಲಿರುವಾಗ ಹೋದ್ರೆ ಮಗನಿಗೆ ಕೊಡ್ತಾರೆ."

ಎಲ್ಲರೂ ತಲೆಯಾಡಿಸಿದರು. ನಾನೂ ಆಡಿಸಿದೆ. ಆದರೆ ಆ ನೌಕರಿ ನನಗೆ ಬೇಕಿರಲಿಲ್ಲ. ಆಗ ನಾನು ಕಡೂರಿನ ಒಂದು ಟ್ರಾಕ್ಟರ್ ಗ್ಯಾರೇಜಿನಲ್ಲಿ ಕೆಲಸ ಕಲಿಯುತ್ತಿದ್ದೆ. ನಿಂತುಹೋದ ಇಂಜಿನ್ ನನ್ನ ಕೈಯಲ್ಲಿ ಮತ್ತೆ ಗುಡುಗಿದಾಗ ಆಗುತ್ತಿದ್ದ ಖುಷಿಯನ್ನು ಯಾರಿಗೂ ಹೇಳಿಕೊಂಡಿರಲಿಲ್ಲ. ತಂದೆ ಸತ್ತ ಮನೆಯಲ್ಲಿ ಅದನ್ನು ಹೇಳುವುದಾದರೂ ಹೇಗೆ?

ವಂಶವೃಕ್ಷ, ಮರಣ ಪತ್ರ ಅಂತ ಕಡೂರಿನ ತಾಲ್ಲೂಕು ಕಚೇರಿಗೆ ಅಲೆದದ್ದೆಲ್ಲ ಚಿಕ್ಕಪ್ಪನೇ. ಕುರಿಗಳನ್ನು ಪಕ್ಕದ ಮನೆಯವರಿಗೆ ಒಪ್ಪಿಸಿ, ಬೆಳಗಿನ ಬಸ್ಸಿಗೆ ಬರುತ್ತಿದ್ದರು. ಎಲ್ಲ ಸಿದ್ಧವಾದ ಮೇಲೆ ಅಮ್ಮ, ಚಿಕ್ಕಪ್ಪ, ನಾನು ಮೂವರೂ ತರೀಕೆರೆಯ ಶಿಕ್ಷಣ ಇಲಾಖೆ ಕಚೇರಿಗೆ ಹೋದೆವು. ಅಲ್ಲಿದ್ದ ಗುಮಾಸ್ತೆಗೆ ಅಪ್ಪನ ಪರಿಚಯವಿತ್ತು. ಎದ್ದು ಬಂದು ಅಮ್ಮನ ಕೈ ಹಿಡಿದು ಕೂರಿಸಿದರು. ಆಮೇಲೆ ಪೆನ್ನು ತೆಗೆದು ಕೇಳಿದರು:

"ಯಾರ ಹೆಸರಲ್ಲಿ ಅರ್ಜಿ ಹಾಕ್ತೀರಾ?"

"ಇವನೇ ಮೇಡಂ, ಒಬ್ನೇ ಮಗ," ಅಂದರು ಚಿಕ್ಕಪ್ಪ.

"ಅದು ಸರಿ ಯಜಮಾನ್ರೆ. ಆದ್ರೆ ನಾನು ಇವ್ರನ್ನ ಕೇಳ್ಬೇಕು. ಮೊದಲ ಹಕ್ಕು ಹೆಂಡತಿದು. ಅವರು ಬೇಡ ಅಂದ್ರೆ ಮಕ್ಕಳು. ಮಗನೇ ಆಗ್ಬೇಕಂತಿಲ್ಲ, ಮಗಳೂ ಆಗ್ಬಹುದು. ಮದುವೆಯಾದ ಮಗಳಿಗೂ ಈಗ ಅವಕಾಶ ಕೊಟ್ಟಿದಾರೆ."

ಅಕ್ಕ ಮದುವೆಯಾಗಿ ಲಿಂಗದಹಳ್ಳಿಯಲ್ಲಿದ್ದಳು. ಅವಳ ಹೆಸರು ಬರುತ್ತದೇನೋ ಎಂದು ನಾನು ಅಮ್ಮನ ಮುಖ ನೋಡಿದೆ. ಅಮ್ಮ ಸೆರಗು ಸರಿಮಾಡಿಕೊಂಡಳು.

"ನಾನು ಎಸ್ಸೆಸ್ಸೆಲ್ಸಿ ಪಾಸಾಗಿದೀನಿ ಮೇಡಂ. ನನ್ನ ವಯಸ್ಸಿಗೆ ಕೊಡ್ತಾರಾ?"

"ಕೊಡ್ತಾರೆ. ಗ್ರೂಪ್ ಡಿ ಸಿಗುತ್ತೆ, ಅಟೆಂಡರ್ ಕೆಲಸ."

"ಹಂಗಾದ್ರೆ ನನ್ನ ಹೆಸರೇ ಬರ್ಕೊಳ್ಳಿ."

ಚಿಕ್ಕಪ್ಪ ಕುರ್ಚಿಯಿಂದ ಅರ್ಧ ಎದ್ದುಬಿಟ್ಟರು. "ಅತ್ತಿಗೆ! ಏನ್ ಹೇಳ್ತಿದೀರಾ? ವಯಸ್ಸಿಗೆ ಬಂದ ಮಗ ಮನೇಲಿರುವಾಗ ನೀವು ಹೋಗಿ ಕಸ ಗುಡಿಸ್ತೀರಾ?"

"ಇಷ್ಟು ವರ್ಷ ಮನೇಲಿ ಇನ್ನೇನ್ ಮಾಡ್ದೆ? ಅಲ್ಲಿ ಸಂಬಳನಾದ್ರೂ ಕೊಡ್ತಾರೆ," ಎಂದಳು ಅಮ್ಮ. ಗುಮಾಸ್ತೆ ನಕ್ಕುಬಿಟ್ಟರು. ಅಮ್ಮ ನನ್ನ ಕಡೆ ತಿರುಗಿ ಮೆಲ್ಲಗೆ ಅಂದಳು: "ಇವನಿಗೆ ಇಷ್ಟಪಟ್ಟ ಕೆಲ್ಸ ಸಿಕ್ಕೈತೆ. ಗ್ರೀಸ್ ಬಟ್ಟೆ ಒಗೆಯೋಳು ನಾನು, ನಂಗೆ ಗೊತ್ತಾಗಲ್ವಾ?"

ಅಪ್ಪ ಹೋದ ಮೇಲೆ ನಾನು ಮೊದಲ ಸಲ ಅತ್ತದ್ದು ಆ ಕಚೇರಿಯಲ್ಲಿ. ಅಳು ಬಂದದ್ದು ದುಃಖಕ್ಕೆ ಮಾತ್ರ ಅಲ್ಲ.

ವಾಪಸ್ ಬರುವಾಗ ರೈಲಿನಲ್ಲಿ ಚಿಕ್ಕಪ್ಪ ಕಿಟಕಿಯ ಕಡೆ ಮುಖ ಮಾಡಿ ಕೂತರು. ಬೀರೂರು ಬಂದಾಗ, "ಆರ್ಡರ್ ಬರೋದು ತಡ ಆದ್ರೆ ಹೇಳಿ ಅತ್ತಿಗೆ, ನಾನೇ ಹೋಗಿ ವಿಚಾರಿಸ್ತೀನಿ," ಎಂದು ಗೊಣಗಿ ಬಸ್ ಸ್ಟ್ಯಾಂಡಿನ ಕಡೆ ನಡೆದರು.

ತಡವಾಗಿಯೇ ಆಯಿತು. ಚಿಕ್ಕಪ್ಪ ಎಷ್ಟೋ ಸಲ ಹೋಗಿ ವಿಚಾರಿಸಿದರು. ಕೊನೆಗೂ ಆದೇಶ ಬಂತು, ಅಜ್ಜಂಪುರದ ಪ್ರೌಢಶಾಲೆಗೆ. ಮೊದಲ ದಿನ ನಾನು ಬೈಕಿನಲ್ಲಿ ಬಿಡಲು ಹೋದೆ. ದಾರಿಯುದ್ದಕ್ಕೂ ಅಮ್ಮ ನನ್ನ ಭುಜವನ್ನು ಬಿಗಿಯಾಗಿ ಹಿಡಿದಿದ್ದಳು. ಗೇಟಿನಲ್ಲಿ ಇಳಿದವಳೇ, "ನೀನು ಹೋಗು ಮತ್ತೆ, ನಿಂತ್ಕೋಬೇಡ," ಅಂದಳು. ನಾನು ಹೋಗಲಿಲ್ಲ. ರಸ್ತೆಯಾಚೆಯ ಚಹಾದಂಗಡಿಯಲ್ಲಿ ಕುಳಿತೆ.

ಸ್ವಲ್ಪ ಹೊತ್ತಿಗೆ ಅಮ್ಮ ಜಗಲಿಗೆ ಬಂದಳು. ತೂಗುಹಾಕಿದ್ದ ಗಂಟೆಯನ್ನು ಒಮ್ಮೆ ಮುಟ್ಟಿದಳು. ಮೊದಲ ಏಟು ಯಾರಿಗೂ ಕೇಳಿಸದಷ್ಟು ಮೆಲ್ಲಗೆ. ಎರಡನೆಯದು ಪರವಾಗಿಲ್ಲ. ಆಮೇಲೆ ಅದೇನಾಯಿತೋ, ಢಣ ಢಣ ಢಣ ಎಂದು ಬಾರಿಸಿದಳು, ಬಾರಿಸುತ್ತಲೇ ಇದ್ದಳು. ಮಕ್ಕಳು ಸಾಲಾಗಿ ನಿಂತು ಮುಗಿದರೂ ನಿಲ್ಲಿಸಲಿಲ್ಲ. ಮೇಷ್ಟ್ರೊಬ್ಬರು ಹೊರಗೆ ಬಂದು, "ಸಾಕಮ್ಮ, ಶಿವಮೊಗ್ಗಕ್ಕೂ ಕೇಳಿಸ್ತು!" ಎಂದರು. ಮಕ್ಕಳೆಲ್ಲ ಗೊಳ್ಳೆಂದರು. ಅಮ್ಮನೂ ಸೆರಗನ್ನು ಬಾಯಿಗಿಟ್ಟುಕೊಂಡು ನಕ್ಕಳು. ಅವಳು ಹಾಗೆ ನಕ್ಕದ್ದನ್ನು ನೋಡಿ ಎಷ್ಟೋ ಕಾಲವಾಗಿತ್ತು.

ಈಗ ಅವಳು ರೈಲಿನ ಪಾಸು ಮಾಡಿಸಿಕೊಂಡಿದ್ದಾಳೆ. ಖಾಸಗಿಯಾಗಿ ಪಿಯುಸಿಗೂ ಕಟ್ಟಿದ್ದಾಳೆ. ಚಿಕ್ಕಪ್ಪ ಯಗಟಿಯಲ್ಲಿ ಸಿಕ್ಕವರಿಗೆಲ್ಲ, "ನಮ್ ಅತ್ತಿಗೆ ಗೌರ್ಮೆಂಟಲ್ಲಿ ಅವ್ರೆ ಕಣ್ರೀ, ಅರ್ಜಿ ಹಾಕಿಸ್ದೋನೇ ನಾನು," ಎಂದು ಹೇಳಿಕೊಂಡು ತಿರುಗುತ್ತಾರೆ. ಅಮ್ಮ ಅದನ್ನು ತಿದ್ದಲು ಹೋಗುವುದಿಲ್ಲ.

ಮೊನ್ನೆ ಅವಳನ್ನು ಕರೆತರಲು ಬೀರೂರು ಸ್ಟೇಷನ್ನಿಗೆ ಹೋಗಿದ್ದೆ. ರೈಲಿನಿಂದ ಇನ್ನಿಬ್ಬರು ಹೆಂಗಸರ ಜೊತೆ ಜೋರಾಗಿ ಮಾತಾಡುತ್ತ ಇಳಿದಳು.

"ಇವನೇ ನನ್ ಮಗ, ಟ್ರಾಕ್ಟರ್ ಡಾಕ್ಟ್ರು," ಎಂದು ಅವರಿಗೆ ಪರಿಚಯಿಸಿ ನನಗೆ ಹೇಳಿದಳು: "ಲೇ, ಭಾನುವಾರ ನಾವು ಮೂರೂ ಜನ ಕೆಮ್ಮಣ್ಣುಗುಂಡಿಗೆ ಹೋಗ್ತಿದೀವಿ. ಅಡಿಗೆ ನೀನೇ ಮಾಡ್ಕೊ."