ಬೆಳಕಿನ ಅಗಲ ಅಳೆಯುವ ಬೊಮ್ಮು ಮಾಸ್ತರರು

ಕಾರವಾರದ ಕಾಲೇಜೊಂದರ ಪ್ರಯೋಗಾಲಯದಲ್ಲಿ ಬೆಳಕಿನ ಅಗಲ ಅಳೆಯುವುದನ್ನು ಕಲಿಸುವ ಅಗಸೂರಿನ ಬೊಮ್ಮು ಮಾಸ್ತರರಿಗೆ ಅಳತೆಗೆ ಸಿಗದ ವಸ್ತುವೇ ಲೋಕದಲ್ಲಿಲ್ಲ. ಲೇಸರಿನದು ಒಂದೇ ಬಣ್ಣ ಎಂದು ಯಾರಾದರೂ ಅಂದರೆ ಅವರಿಗೆ ಮೈ ಉರಿಯುತ್ತದೆ; ಅದರಲ್ಲೂ ಅಕ್ಕಪಕ್ಕದ ಬಣ್ಣಗಳು ಸೇರಿರುತ್ತವೆ, ಆ ಹರವೇ ಬೆಳಕಿನ ಅಗಲ, ಅದು ಹೆಚ್ಚಾದಷ್ಟೂ ಇಂಟರ್ನೆಟ್ಟಿನ ಗಾಜಿನ ಎಳೆಯಲ್ಲಿ ದೂರ ಹೋಗುವ ಸಂದೇಶ ಕಲಸಿಹೋಗುತ್ತದೆ ಎಂದು ಬಸ್ ಕಂಡಕ್ಟರನಿಗೂ ವಿವರಿಸುತ್ತಾರೆ. ಅಳೆಯುವ ಯಂತ್ರದ ಪರದೆಯ ಮೇಲೆ ಆ ಬೆಳಕು ಗುಡ್ಡದಾಕಾರದ ಗೆರೆಯಾಗಿ ಮೂಡುತ್ತದೆ; ಆ ಗುಡ್ಡದ ಅಗಲವನ್ನು ಅದರ ಅರ್ಧ ಎತ್ತರದಲ್ಲೇ ನೋಡಬೇಕು. "ಅರ್ಧಕ್ಕೆ ಬನ್ನಿ, ಅರ್ಧಕ್ಕೆ!" ಎಂದು ಕೂಗಿ ಕೂಗಿ ಅವರ ಗಂಟಲು ಒಡೆದಿದೆ. ಅಂಕೋಲೆಯ ಪೇಟೆಯಲ್ಲಿ ಬಂಗಡೆಯ ನಡುವಿಗೂ ಬೆರಳಿಟ್ಟು ಅಳೆಯುವುದನ್ನು ಕಂಡು ಮೀನು ಮಾರುವ ತಿಮ್ಮಿ, "ಮಾಸ್ತರೇ, ಮೀನ ತಕಂಬೂದೋ, ಅದ್ಕೆ ಅಂಗಿ ಹೊಲ್ಸೂದೋ?" ಎನ್ನುತ್ತಾಳೆ. ತಮ್ಮ ಪ್ರಯೋಗಾಲಯದ ಲೇಸರಿನ ಬೆಳಕಿನ ಅಗಲ ಎರಡು ನ್ಯಾನೋಮೀಟರ್ ಎಂದು ಹದಿನೆಂಟು ವರ್ಷದಿಂದ ಮಕ್ಕಳಿಗೆ ಬರೆಸುತ್ತ ಬಂದವರು ಅವರೇ. ಮೊನ್ನೆಯ ಪ್ರಾಯೋಗಿಕ ಪರೀಕ್ಷೆಯಲ್ಲಿ ಅದೇ ಲೇಸರನ್ನು ಅಳೆಯಲು ಕೊಟ್ಟಾಗ ಎಲ್ಲರೂ ಎರಡು ಎಂದು ಬರೆದರೆ, ಮೀನುಗಾರರ ಮನೆಯ ಮಾನಸಾ ಒಬ್ಬಳೇ ಐದು ಎಂದು ಬರೆದಳು. ಹೊರಗಿನಿಂದ ಬಂದ ಪರೀಕ್ಷಕರು ಅವಳನ್ನು ಫೇಲು ಮಾಡಲು ಪೆನ್ನು ತೆಗೆದರು. ಪರೀಕ್ಷಕರೆಂದರೆ ಬೆವರುವ ಮಾಸ್ತರರು ಎದ್ದುಹೋಗಿ ತಾವೇ ಅಳೆದು ನೋಡಿದರು. ಐದೇ ಬಂತು. "ತಡೀರಿ ಸರ್, ಲೇಸರ್ ಮುದಿಯಾಗಿ ಅದ್ರ ಅಗಲ ಹೆಚ್ಚಾಗ್ಯದೆ. ಈ ಹುಡುಗಿ ಕಂಡದ್ದ ಬರದಾಳೆ. ಉಳದವ್ರು ನಾ ಹೇಳ್ದದ್ದ ಬರದಾರೆ, ಅವ್ರ ತಪ್ಪು ನಂದು," ಎಂದರು. ಪರೀಕ್ಷಕರು ಮಾನಸಾಳಿಗೆ ಪೂರ್ತಿ ಅಂಕ ಕೊಟ್ಟರು. ಉಳಿದವರೆಲ್ಲ ಹೋದ ಮೇಲೆ ಮಾಸ್ತರರು ಮಾನಸಾಳನ್ನು ನಿಲ್ಲಿಸಿಕೊಂಡು, ವಿದ್ಯಾರ್ಥಿಗಳ ಸ್ಟೂಲಿನ ಮೇಲೆ ಕೂತು, ಚಷ್ಮಾ ಒರೆಸಿಕೊಂಡು, "ತಂಗೀ, ಹೆಂಗ್ ನೋಡ್ದೆ, ಇನ್ನೊಂದ್ಸಲ ತೋರ್ಸು," ಎಂದರು.