ಕೆಳಗೂರಿನ ದೊರೆಸಾನಿಯ ಹಾಡು

ನಾನು ಚಿಕ್ಕವನಿದ್ದಾಗ ನಮ್ಮೂರ ಕೆರೆಯ ತಳದಲ್ಲಿ ಇನ್ನೊಂದು ಊರಿತ್ತು. ನಗಬೇಡಿ ಮಕ್ಕಳೇ, ಪೂರ್ತಿ ಕೇಳಿ. ಕುಣಿಗಲ್‌ನಿಂದ ಸ್ವಲ್ಪ ಒಳಗಿದ್ದ ನಮ್ಮೂರನ್ನು ನೋಡಿದವರು ಬೇಕಾದಷ್ಟು ಜನ. ಕೆಳಗೂರನ್ನು ಕಂಡವಳು ನಮ್ಮಕ್ಕ ಒಬ್ಬಳೇ, ಯಾಕೆಂದರೆ ಅದನ್ನು ಕಟ್ಟಿದವಳೇ ಅವಳು. ಅಲ್ಲಿ ಪಾಚಿಯ ಸೂರಿನ ಮನೆಗಳು, ಮಾತೇ ಆಡದ ಜನ, ಅವರಿಗೆಲ್ಲ ಒಬ್ಬಳು ದೊರೆಸಾನಿ. ಅವಳ ಮನೆಯಲ್ಲಿ ಒಂದು ತುತ್ತು ಉಂಡವರು ಮೇಲಿನ ದಾರಿ ಮರೆತೇ ಬಿಡುತ್ತಾರೆ ಎಂದು ಅಕ್ಕ ಹೇಳುವಾಗ ನನ್ನ ಮೈ ಜುಮ್ಮೆನ್ನುತ್ತಿತ್ತು.

ಅಕ್ಕ ಆ ಊರು ಕಟ್ಟಿದ್ದು ಬರೀ ಆಟಕ್ಕಲ್ಲ. ಅಪ್ಪ ನಮ್ಮೂರ ನೀರುಗಂಟಿ. ಕೆರೆಯ ತೂಬು ತೆಗೆದು ಗದ್ದೆಗಳಿಗೆ ನೀರು ಬಿಡುವುದು, ಸಾಕಾದಾಗ ಮುಚ್ಚುವುದು ಅವನ ಕೆಲಸ. ತೂಬಿನ ಬಾಯಿಗೆ ಕಸ ಕಟ್ಟಿಕೊಂಡರೆ ಅಲ್ಲಿ ನೆಟ್ಟಿದ್ದ ಕಲ್ಲುಕಂಬ ಹಿಡಿದು ತಳದವರೆಗೆ ಮುಳುಗಿ ಬಿಡಿಸಬೇಕಿತ್ತು. ಅಮ್ಮ ಆಗಲೇ ತೀರಿಕೊಂಡಿದ್ದಳು. ಅಪ್ಪನೂ ನೀರಲ್ಲೇ ಉಳಿದುಬಿಟ್ಟರೆ ನಮಗೆ ಯಾರು ಗತಿ? ಆ ದಿಗಿಲಿಗೆ ಅಕ್ಕ ದೊರೆಸಾನಿಯನ್ನು ಬೇಡಿಕೊಳ್ಳುವ ಹಾಡನ್ನೂ ಕಟ್ಟಿದ್ದಳು.

ಕೆಳಗೂರ ದೊರೆಸಾನಿ, ಕದ ತೆರೆಯೇ ತಾಯಿ,
ನಿನ್ನೂರ ನೀರ್ಕೇಳಿ ಬಂದವ್ನೆ ನಮ್ಮಪ್ಪ,
ಉಣ್ಣಕ್ಕೆ ಇಕ್ಕಬ್ಯಾಡ, ಮಣೆ ಹಾಕಿ ಕೂರಿಸಬ್ಯಾಡ,
ಬಂದ ದಾರೀಲೇ ಅವನ ಕಳಿಸಮ್ಮ.

ಹೀಗೇ ಇನ್ನೂ ಉದ್ದಕ್ಕಿತ್ತು. ಪ್ರತಿ ನುಡಿಯೂ 'ಕಳಿಸಮ್ಮ' ಎಂದೇ ಮುಗಿಯುತ್ತಿತ್ತು. ಹಾಡುವುದಕ್ಕೆ ಕಟ್ಟಳೆಗಳಿದ್ದವು. ಮುಷ್ಟಿಯಲ್ಲಿ ರಾಗಿ ಹಿಡಿದು, ನೀರಿಗೆ ಮುಖ ಮಾಡಿ, ಅಪ್ಪ ಮುಳುಗಿದ ಕೂಡಲೇ ಶುರು ಮಾಡಬೇಕು. ಅವಸರ ಕೂಡದು, ನಡುವೆ ನಿಲ್ಲಿಸಲೂ ಕೂಡದು. ನೀರೊಳಗಿರುವವನ ಹೆಸರನ್ನಂತೂ ಯಾರೂ ಕೂಗಲೇಬಾರದು. ಹೆಸರು ಗೊತ್ತಾದರೆ ಕೆಳಗೂರಿನವರು ಕರೆದು ಮಣೆ ಹಾಕಿಬಿಡುತ್ತಾರೆ. ಹಾಡಿನ ಉದ್ದವೂ ಅಪ್ಪನ ಉಸಿರಿನ ಉದ್ದವೂ ಒಂದೇ. ಕೊನೆಯ 'ಕಳಿಸಮ್ಮ'ಕ್ಕೆ ನಾವು ರಾಗಿ ಎರಚುವಷ್ಟರಲ್ಲಿ ಅಪ್ಪನ ತಲೆ ಬುಳಕ್ಕನೆ ಮೇಲೇಳುತ್ತಿತ್ತು. "ಏನ್ಲಾ, ಮುಗೀತಾ ನಿಮ್ಮ ಭಜನೆ?" ಎಂದು ನಗುತ್ತಿದ್ದ.

ಆ ಮಧ್ಯಾಹ್ನ ಮಾತ್ರ ಕೆರೆ ಸರಿ ಇರಲಿಲ್ಲ. ಹಿಂದಿನ ದಿನದ ಮಳೆಗೆ ನೀರೆಲ್ಲ ಕದಡಿ, ಕೊಳೆತ ಎಲೆಯ ವಾಸನೆ ಹೊಡೆಯುತ್ತಿತ್ತು. ಗಾಳಿ ಇಲ್ಲ, ಒಂದು ಕೊಕ್ಕರೆಯೂ ಇಲ್ಲ. ಪಕ್ಕದ ಗದ್ದೆಯ ಮಾವ ನೀರಿಗಾಗಿ ಏರಿಯ ಆಚೆ ಕಾಲುವೆ ಹತ್ತಿರ ಕಾಯುತ್ತಿದ್ದರು. ಅಪ್ಪ ಕೆಂಪು ವಸ್ತ್ರವನ್ನು ತಲೆಗೆ ಬಿಗಿದು ಮುಳುಗಿದ. ನಾವು ಹಾಡು ಎತ್ತಿಕೊಂಡೆವು.

ಹಾಡು ಅರ್ಧಕ್ಕೆ ಬರುವಾಗ ಏರಿಯ ಆಚೆ ನೀರು ಭೋರೆಂದಿತು. ಕಟ್ಟಿದ್ದ ಕಸ ಕಿತ್ತು ತೂಬು ಬಿಟ್ಟಿತ್ತು. ಬಿಟ್ಟ ತೂಬು ಸಿಕ್ಕಿದ್ದನ್ನೆಲ್ಲ ಒಳಗೆ ಎಳೆದುಕೊಳ್ಳುತ್ತದೆ ಎಂಬುದು ನಮ್ಮೂರಲ್ಲಿ ಚಿಕ್ಕ ಮಕ್ಕಳಿಗೂ ಗೊತ್ತು. ಆದರೂ ಅಕ್ಕ ಹಾಡು ನಿಲ್ಲಿಸಲಿಲ್ಲ. ಕೊನೆಯ ಸಾಲು ಮುಗಿಯಿತು, ರಾಗಿ ಎರಚಿದೆವು. ಅಪ್ಪ ಬರಲಿಲ್ಲ.

ಮಾವ ಏದುಸಿರು ಬಿಡುತ್ತಾ ಏರಿ ಹತ್ತಿ ಬಂದರು. ಅವರ ಕೈಯಲ್ಲಿ ಆ ಕೆಂಪು ವಸ್ತ್ರ ತೊಟ್ಟಿಕ್ಕುತ್ತಿತ್ತು. ತೂಬಿನೊಳಗಿಂದ ತೂರಿ ಕಾಲುವೆಗೆ ಬಂದಿತ್ತು. "ಅಯ್ಯೋ ದೇವ್ರೇ, ಅವ್ನೆಲ್ಲಿ?" ಎಂದವರೇ ಅಪ್ಪನ ಹೆಸರು ಹಿಡಿದು ಕೂಗಿಬಿಟ್ಟರು.

"ಹೆಸ್ರು ಕೂಗ್ಬೇಡಿ ಮಾವ!" ಅಕ್ಕ ಚೀರಿದಳು. ಆದರೆ ಕೂಗಿ ಆಗಿತ್ತು.

"ಇನ್ನೊಂದ್ಸಲ ಹಾಡೋಣ ಅಕ್ಕ" ಎಂದೆ.

"ರಾಗಿ ಎಲ್ಲೋ ಐತೆ?" ಎಂದು ಅವಳು ಖಾಲಿ ಕೈ ತೋರಿಸಿ ಗೊಳೋ ಎಂದಳು. ನನ್ನ ಕೈಯಲ್ಲೂ ಒಂದು ಕಾಳು ಇರಲಿಲ್ಲ. ಯಾರೂ ಹಾಡಲಿಲ್ಲ. ಕಾಲುವೆಯ ಭೋರ್ಗರೆತ ಒಂದೇ ಕೇಳುತ್ತಿತ್ತು.

ಆಮೇಲೆ ಕಂಬದಿಂದ ದೂರ, ಜೊಂಡಿನ ಹತ್ತಿರ ಅಪ್ಪನ ತಲೆ ಎದ್ದಿತು. ಮಾವ ನೀರಿಗೆ ಹಾರಿ ಎಳೆದು ತಂದರು. ಭುಜದ ಚರ್ಮ ತರಚಿ ರಕ್ತ ಬರುತ್ತಿತ್ತು. ಅಪ್ಪ ನೀರು ಕಕ್ಕಿ, ಸುಧಾರಿಸಿಕೊಂಡು, ಅಕ್ಕನ ತಲೆ ಸವರಿದ. "ಹಾಡ್ತಾನೇ ಇದ್ರಲ್ಲ, ಬದುಕ್ದೆ ಕಣವ್ವ. ಕೆಳಗೆ ಕಣ್ಣೇ ಕಾಣ್ಲಿಲ್ಲ. ಮೊದ್ಲಿಂದ ಮತ್ತೆ ಮತ್ತೆ ಅದೇ ಹಾಡು ಬರ್ತಿತ್ತು. ಅದು ಬಂದ ಕಡೆ ಈಜ್ದೆ."

ಎರಡನೇ ಸಲ ನಾವು ಹಾಡಲೇ ಇಲ್ಲ ಎನ್ನಲು ನಾನು ಬಾಯಿ ತೆರೆದೆ. ಅಕ್ಕ ನನ್ನ ತೋಳು ಚಿವುಟಿದಳು.

ಅಂದು ಸಂಜೆ ಅಕ್ಕ ಅಪ್ಪನಿಗೆ ಮುದ್ದೆ ಇಕ್ಕಿ, ಎದುರಿಗೇ ಕುಳಿತು ಕೇಳಿದಳು, "ಅಪ್ಪ, ಅಲ್ಲೇನಾದ್ರೂ ತಿಂದ್ಯಾ?"

"ಕೆರೆ ನೀರು ಕುಡ್ದೆ ಅಷ್ಟೇ ಬಿಡವ್ವ" ಎಂದು ಅಪ್ಪ ನಕ್ಕ. ಅವನು ಮೊದಲ ತುತ್ತು ನುಂಗುವವರೆಗೂ ಅಕ್ಕ ಕಣ್ಣು ಮಿಟುಕಿಸಲಿಲ್ಲ. ಆಮೇಲೆ ಅವಳು ಕೆಳಗೂರಿನ ಮಾತನ್ನೇ ಎತ್ತಲಿಲ್ಲ. ನಾನು ಕೇಳಿದರೆ "ಅದು ನಾನ್ ಮಾಡಿದ್ ಊರಲ್ಲ ಕಣೋ, ಸುಮ್ಕಿರು" ಎನ್ನುತ್ತಿದ್ದಳು.

ಈಗ ಈ ತುಮಕೂರಿನ ಮನೆಯಲ್ಲಿ ನೀವು ಸೋಫಾ ಮೇಲೆ ಉರುಳಾಡುತ್ತಾ ಫೋನಿನಲ್ಲಿ ಆಡುತ್ತೀರಲ್ಲ, ಅದರಲ್ಲೂ ನೀರಡಿಯ ಊರಿದೆ. ಒಬ್ಬ ಮುಳುಗುತ್ತಾನೆ, ಅವನಿಗೆ ಎಷ್ಟು ಉಸಿರು ಉಳಿದಿದೆ ಎಂದು ನೀಲಿ ಗೆರೆ ತೋರಿಸುತ್ತದೆ. ಗೆರೆ ಮುಗಿದರೆ ಸಾಯುತ್ತಾನೆ, ನೀವು ಒಂದು ಸಲ ಒತ್ತಿದರೆ ಎದ್ದು ಬರುತ್ತಾನೆ. ಪುಣ್ಯವಂತರಪ್ಪ ನೀವು! ನಮಗೆ ಗೆರೆ ಇರಲಿಲ್ಲ, ಹಾಡಿತ್ತು. ಅಪ್ಪ ಒಬ್ಬನೇ ಇದ್ದ.

ಮೊನ್ನೆ ಆ ಗೆರೆ ಕರಗುವುದನ್ನು ನೋಡುತ್ತಾ ನನಗೇ ತಿಳಿಯದೆ ಆ ಹಾಡು ಗುನುಗಿದೆ. "ತಾತ ಏನೋ ಹಾಡ್ತಿದಾರೆ" ಎಂದು ನೀವು ನಕ್ಕಿರಿ. ನಗಿ, ಪರವಾಗಿಲ್ಲ. ಆದರೆ ಹಾಡು ಮುಗಿಯುವವರೆಗೆ ನನ್ನನ್ನು ಮಾತಾಡಿಸಬೇಡಿ.