ಹಲಗೆಯ ಮೇಲೆ ಸೋರದ ಬಟ್ಟಲು

ಗೌರಕ್ಕ, ತಪ್ಪು ನಿಮ್ಮ ಹೊಟ್ಟೆಯದಲ್ಲ, ನೀವು ಪಟ್ಟಿ ಕಟ್ಟಿಕೊಳ್ಳುತ್ತಿದ್ದ ರೀತಿಯದೂ ಅಲ್ಲ. ತಪ್ಪು ನನ್ನ ಬಟ್ಟಲಿನದು. ನಿಮ್ಮ ಸರೋಜಳ ಮದುವೆಗೆ ಇನ್ನೂ ಮೂರು ವಾರವಿರುವಾಗಲೇ ನನಗದು ಗೊತ್ತಾಗಿತ್ತು — ಗೊತ್ತಿದ್ದೂ ಸುಮ್ಮನಿದ್ದೆ.

ನಿನ್ನೆ ಅಂಗಡಿಗೆ ಒಂದು ಹಿತ್ತಾಳೆ ಗಿಂಡಿ ಬಂತು. ಅಂಗಡಿಯನ್ನು ಈಗ ನನ್ನ ಮಗ ನಡೆಸುತ್ತಾನೆ; ನಾನು ಸುಮ್ಮನೆ ಕೂತು ಅದು ಹೀಗಲ್ಲ ಹಾಗೆ ಎಂದು ತಲೆ ತಿನ್ನುತ್ತೇನೆ. ಮೂತಿಯ ಬೆಸುಗೆ ಬಿಟ್ಟಿದೆ, ಸೊರಬದ ಮದುವೆ ಮನೆಯದು ಎಂದ. ಕೈಗೆ ತೆಗೆದುಕೊಂಡು ನೋಡಿದರೆ ಬೆಸುಗೆ ನನ್ನದೇ. ಮನೆಯವರ ಹೆಸರು ಕೇಳಿದೆ. ಸರೋಜಳ ಮಗಳ ಮದುವೆಯಂತೆ, ನೀವೂ ಅವಳ ಮನೆಯಲ್ಲೇ ಇದ್ದೀರಂತೆ. ಅದಕ್ಕೇ ಇದನ್ನು ಬರೆಯಲು ಕೂತೆ.

ನಾನು ಎಂಥವನು ಅಂತ ನಿಮಗೆ ಸ್ವಲ್ಪ ಗೊತ್ತು. ಶಿಕಾರಿಪುರದ ಪೇಟೆಯಲ್ಲಿ ತಗಡಿನ ಸಾಬರು ಎಂದರೆ ನಾನೇ. ಲಾಟೀನು, ಡಬ್ಬಿ, ತೂತು ಬಿದ್ದ ಕೊಡ — ಏನು ಕೊಟ್ಟರೂ ಅದರ ಹೊಟ್ಟೆ ಬಗೆದು ನೋಡದಿದ್ದರೆ ನನಗೆ ಸಮಾಧಾನವಿಲ್ಲ. ಈ ನೀರು ಇಲ್ಲೇ ಯಾಕೆ ಸೋರಿತು, ಅಲ್ಲಿ ಯಾಕೆ ಸೋರಲಿಲ್ಲ? ಅನ್ನ ನೀರು ಮರೆತು ಅದನ್ನೇ ಯೋಚಿಸುತ್ತಿದ್ದೆ. ನನ್ನದೊಂದು ಪರೀಕ್ಷೆಯೂ ಇತ್ತು. ಹಲಗೆಯ ಮೇಲೆ ಒಣ ಬೂದಿ ಹರಡಿ, ಮಾಡಿದ ಸಾಮಾನಿಗೆ ನೀರು ತುಂಬಿ ಅದರ ಮೇಲೆ ಇಡುತ್ತಿದ್ದೆ. ಬೂದಿ ಒಣಗೇ ಇದ್ದರೆ ಮಾತ್ರ ಗಿರಾಕಿಯ ಕೈಗೆ. ನನ್ನ ಕೆಲಸ ಸೋರಿತು ಎಂದು ಊರಲ್ಲಿ ಯಾರೂ ಅಂದಿರಲಿಲ್ಲ — ಆ ಹೆಮ್ಮೆಯೇ ಮುಂದೆ ನಿಮ್ಮ ಪಾಲಿಗೆ ಮುಳುವಾಯಿತು.

ಕನ್ನಡ ನಾಡು ಒಂದಾಗಿ ಒಂದೆರಡು ವರ್ಷ ಆಗಿದ್ದಿರಬೇಕು. ನಿಮ್ಮ ಯಜಮಾನರು ಹನುಮಂತಪ್ಪನವರು ಕುಬಟೂರಿನಿಂದ ಬಂದು, ಅಂಗಡಿಯಲ್ಲಿ ಯಾರೂ ಇಲ್ಲದ ಹೊತ್ತು ನೋಡಿ, ದನಿ ಇಳಿಸಿ ಹೇಳಿದರು. ಕರುಳು ಗಂಟು ಬಿದ್ದು ನೀವು ಸಾಯುವ ಹಾಗೆ ಆಗಿದ್ದಿರಿ. ದೊಡ್ಡಾಸ್ಪತ್ರೆಯಲ್ಲಿ ಹೊಟ್ಟೆ ಕೊಯ್ದು, ಕರುಳಿನ ಬಾಯನ್ನು ಎಡಗಡೆ ಹೊಟ್ಟೆಯ ಮೇಲಕ್ಕೇ ತಂದು ಹೊಲಿದು ಜೀವ ಉಳಿಸಿದ್ದರು. ಇನ್ನು ಮಲವೆಲ್ಲ ಅಲ್ಲಿಂದಲೇ. ಹಳೆ ಬಟ್ಟೆ ಮಡಿಸಿ ಕಟ್ಟಿದರೆ ನಿಲ್ಲುತ್ತಿಲ್ಲ, ಒಂದು ಬಟ್ಟಲು ಮಾಡಿಕೊಡಿ, ಪಟ್ಟಿ ಹಾಕಿ ಕಟ್ಟಿಕೊಳ್ಳುತ್ತಾಳೆ ಎಂದರು. ಮಗಳ ಮದುವೆ ಹತ್ತಿರವಿತ್ತು. ತಾಯಿ ತಂದೆ ಜೋಡಿಯಾಗಿ ನಿಂತು ಧಾರೆ ಎರೆಯಬೇಕು, ಆಮೇಲೆ ನೆಂಟರ ಸಾಲಿನಲ್ಲಿ ಕೂತು ಉಣ್ಣಬೇಕು. ನಿಮಗೆ ಬೇಕಾಗಿದ್ದದ್ದು ಅಷ್ಟೇ.

ನಿಜ ಹೇಳುತ್ತೇನೆ, ಕನಿಕರಕ್ಕಿಂತ ಮೊದಲು ನನಗೆ ಹುಟ್ಟಿದ್ದು ಕುತೂಹಲ. ಕರುಳಿಗೆ ಹೊರಗೆ ಬಾಯಿ! ಮುಟ್ಟಿದರೆ ನೋಯುತ್ತದೆಯೇ? ಮುಚ್ಚಿ ತೆರೆಯಲು ಬರುತ್ತದೆಯೇ? ಹನುಮಂತಪ್ಪನವರು ಪಾಪ, ತಾಳ್ಮೆಯಿಂದ ಹೇಳಿದರು — ಆ ಬಾಯಿಗೆ ನೋವು ತಿಳಿಯುವುದಿಲ್ಲವಂತೆ, ಹಿಡಿತವೂ ಇಲ್ಲವಂತೆ, ಬಂದಾಗ ಬಂದೇ ಬಿಡುತ್ತದಂತೆ. ಮೊದಲು ಅಂಜೂರದ ತುದಿಯ ಹಾಗೆ ಮೇಲೆದ್ದಿತ್ತಂತೆ, ಮನೆಗೆ ಬಂದ ಮೇಲೆ ಒಳಗೊಳಗೆ ಸರಿಯುತ್ತಿದೆಯಂತೆ. ಮನೆಯಲ್ಲಿ ಎಲ್ಲರಿಗೂ ಖುಷಿ, ಗಾಯ ಮಾಯುತ್ತಾ ಬಂತು ಎಂದು. ನಾನೂ ತಲೆಯಾಡಿಸಿದೆ.

ಅಳತೆಯೆಂದು ಅವರು ಎರಡು ಗಂಟು ಹಾಕಿದ ಒಂದು ದಾರ ಕೊಟ್ಟರು. ಪರ ಹೆಂಗಸಿನ ಹೊಟ್ಟೆಯ ಅಳತೆ — ಇನ್ನೇನು ಕೇಳಲಿ? ಕುಪ್ಪಸ ಹೊಲಿಯುವವನೂ ಹಳೆ ಕುಪ್ಪಸ ನೋಡಿಯೇ ಹೊಲಿಯುತ್ತಾನೆ. ಆದರೆ ಅದನ್ನು ಮಲಗಿಸಿ ಅಳೆದರೋ ಕೂರಿಸಿ ಅಳೆದರೋ ಎಂದಾದರೂ ಕೇಳಬಹುದಿತ್ತು. ಲಾಟೀನಿನ ಬತ್ತಿಯ ಬಗ್ಗೆ ಹತ್ತು ಪ್ರಶ್ನೆ ಕೇಳುವವನು ಇದೊಂದನ್ನು ಕೇಳಲಿಲ್ಲ. ತೆಳು ಹಿತ್ತಾಳೆ ತಗಡಿನಲ್ಲಿ ಬಟ್ಟಲು ಮಾಡಿ, ಕಲಾಯಿ ಹಾಕಿ, ಚಪ್ಪಟೆ ಅಂಚಿಗೆ ಬಟ್ಟೆ ಸುತ್ತಿ ಕಳಿಸಿದೆ.

ಹತ್ತು ದಿನಕ್ಕೆ ಸೋರುತ್ತದೆ ಎಂದು ಹೇಳಿಕಳಿಸಿದರು. ನನಗೆ ಮೈಯೆಲ್ಲ ಉರಿದುಹೋಯಿತು. ಆನವಟ್ಟಿ ಸಂತೆಗೆ ಹೊರಟವನು ಹೆಂಡತಿ ಖೈರುನ್‌ಳನ್ನೂ ಕರೆದುಕೊಂಡು ನಿಮ್ಮ ಮನೆಗೆ ಬಂದೆ. ಖೈರುನ್ ಒಳಗೆ ನಿಮ್ಮ ಹತ್ತಿರ ಹೋದಳು. ಬಟ್ಟಲನ್ನು ತೊಳೆಸಿ ತರಿಸಿಕೊಂಡು ನಾನು ಜಗಲಿಯಲ್ಲೇ ಪಂಚಾಯಿತಿ ಶುರು ಮಾಡಿದೆ. ಬಟ್ಟಲಿಗೆ ತೆಳು ಗಂಜಿ ತುಂಬಿ, ಬಾಯಿಗೆ ಹಲಗೆ ಒತ್ತಿ, ನಿಮ್ಮದೇ ಪಟ್ಟಿಯಿಂದ ಬಿಗಿದು, ಹಲಗೆಯನ್ನು ಬೂದಿಯ ಮೇಲೆ ನಿಲ್ಲಿಸಿದೆ. ನಿಮ್ಮ ಮೈದುನ, ಅಕ್ಕಪಕ್ಕದವರು, ಹಾದಿಯಲ್ಲಿ ಹೋಗುವವರು ಎಲ್ಲ ಸೇರಿದ್ದರು. ವೀಳ್ಯ ಹಾಕಿ ಮುಗಿಸುವಷ್ಟು ಹೊತ್ತು ಕಾದೆವು. ಬೂದಿ ಒಣಗೇ ಇತ್ತು. ನಿಮ್ಮ ಮೈದುನ ಭೇಷ್ ಎಂದ.

"ಬಟ್ಟಲು ಸೋರಲ್ಲ ರೀ," ಅಂದೆ, ಎಲ್ಲರಿಗೂ ಕೇಳುವ ಹಾಗೆ. "ಕಟ್ಕಳೋರಿಗೆ ಕಟ್ಕಳಾಕೆ ಬರ್ಬೇಕು."

ಹನುಮಂತಪ್ಪನವರು ಬಾಗಿಲ ಕಡೆ ನೋಡಿದರು. ಒಳಗಿನಿಂದ ನಿಮ್ಮ ದನಿ ಕೇಳಿತು. "ಹಂಗಾರೆ ನಂದೇ ತಪ್ಪಿರ್ಬೇಕು ಬಿಡ್ರಿ. ಇನ್ನೂ ಒಂಚೂರು ಬಿಗಿ ಮಾಡ್ಕಂತೀನಿ."

ನಿಮ್ಮ ಮುಖ ನಾನು ನೋಡಿರಲಿಲ್ಲ, ದನಿ ಕೇಳಿದ್ದು ಅದೇ ಮೊದಲು.

ವಾಪಸು ಬರುವಾಗ ಬಸ್ಸು ಶಿರಾಳಕೊಪ್ಪ ದಾಟಿದ ಮೇಲೆ ಖೈರುನ್ ಒಳಗೆ ಕಂಡದ್ದನ್ನು ಹೇಳಿದಳು. ಬಾಯಿ ಮೇಲೆದ್ದಿಲ್ಲ, ಹೊಕ್ಕುಳಿನ ಹಾಗೆ ಕುಳಿಯೊಳಗೆ ಇಳಿದಿದೆ. ಆಸ್ಪತ್ರೆಯಿಂದ ಬಂದವಳಿಗೆ ಬಾಣಂತಿಯ ಆರೈಕೆ ಮಾಡಿ ತುಪ್ಪ ಉಣಿಸಿದ್ದಾರೆ. ಹೊಟ್ಟೆ ದಪ್ಪವಾಗಿದೆ, ಬಾಯಿ ಇದ್ದಲ್ಲೇ ಉಳಿದು ಹೂತುಹೋಗಿದೆ. ಮಲಗಿದರೆ ಹೊಟ್ಟೆ ಸಮ, ಕೂತರೆ ಮಡಿಕೆ ಬಿದ್ದು ಬಾಯನ್ನೇ ನುಂಗುತ್ತದೆ. ಬಂದದ್ದೆಲ್ಲ ಬಟ್ಟಲಿಗೆ ಹೋಗುವ ಬದಲು ಅಂಚಿನಡಿ ಹರಿದು ಚರ್ಮ ಬೆಂದ ಹಾಗೆ ಆಗಿದೆ. ಮಾಯುತ್ತಿರುವುದಲ್ಲ ಅದು, ಕೆಡುತ್ತಿರುವುದು.

"ಅಂಗಡಿಯಲ್ಲಿ ಪರೀಕ್ಷೆ ಮಾಡುತ್ತೀರಲ್ಲ," ಎಂದಳು ಖೈರುನ್, ನಮ್ಮ ಮನೆಮಾತಿನಲ್ಲಿ. "ನಿಮ್ಮ ಹಲಗೆ ಯಾವತ್ತಾದರೂ ಕೂತುಕೊಳ್ಳುತ್ತದೆಯೇ?"

ಆ ಮಾತು ನನ್ನ ತಲೆಯಲ್ಲಿ ಹುಳ ಬಿಟ್ಟಿತು. ಮಾರನೇ ದಿನ ಮಧ್ಯಾಹ್ನ ಅಂಗಡಿಯ ಬಾಗಿಲು ಮುಂದೆ ಮಾಡಿ, ಅದೇ ಅಳತೆಯ ಇನ್ನೊಂದು ಬಟ್ಟಲಿಗೆ ಗಂಜಿ ಹಾಕಿ ನನ್ನ ಹೊಕ್ಕುಳಿಗೇ ಕಟ್ಟಿಕೊಂಡೆ. ನಿಂತೆ, ಏನಿಲ್ಲ. ಕುಕ್ಕರುಗಾಲಲ್ಲಿ ಕೂತೆ — ಬೆಚ್ಚಗೆ ತೊಡೆಯ ಮೇಲೆ ಇಳಿಯಿತು. ನಗು ಬಂತು, ನಾಚಿಕೆಯೂ ಆಯಿತು. ಬಿಗಿ ಮಾಡಿ ನೋಡಿದೆ. ಇನ್ನೂ ಜಾಸ್ತಿ ಸೋರಿತು, ಮೇಲೆ ಅಂಚು ಚರ್ಮಕ್ಕೆ ಕಚ್ಚಿ ಬರೆ ಬಿತ್ತು. ನನ್ನ ಮಾತು ನಂಬಿ ನೀವು ಮಾಡಿಕೊಳ್ಳಲು ಹೊರಟಿದ್ದ ಮದ್ದು ಇದೇ.

ಮೂರು ದಿನ ಬೇರೆ ಕೆಲಸ ಮುಟ್ಟಲಿಲ್ಲ. ಅಂಚು ಚಪ್ಪಟೆ ಇರಬಾರದು, ಹೊಟ್ಟೆಯ ಕಡೆಗೆ ಉಬ್ಬಿರಬೇಕು. ಉಬ್ಬು ಸುತ್ತಲಿನ ಚರ್ಮವನ್ನು ಮೆತ್ತಗೆ ಒತ್ತಿದರೆ ಹೂತ ಬಾಯಿ ನಡುವೆ ತಾನೇ ತಲೆ ಎತ್ತುತ್ತದೆ. ಒತ್ತಬೇಕಾದ್ದು ಪಟ್ಟಿಯಲ್ಲ, ಅಂಚಿನ ಆಕಾರ. ಹೊಸದಾಗಿ ಬಡಿದೆ, ಅಂಚಿಗೆ ಸೈಕಲ್ ಟ್ಯೂಬಿನ ರಬ್ಬರು ಕೂರಿಸಿದೆ. ಹೊಕ್ಕುಳಿಗೆ ಕಟ್ಟಿಕೊಂಡು ನಿಂತೆ, ಬಾಗಿದೆ, ಮಂಡಿಯೂರಿದೆ, ಚಕ್ಕಳಮಕ್ಕಳ ಹಾಕಿ ಊಟಕ್ಕೆ ಕೂತ ಹಾಗೆ ಕೂತೆ. ಒಂದು ಹನಿ ಇಲ್ಲ. ಅಷ್ಟು ಸಂತೋಷ ನನಗೆ ಮತ್ತೆ ಯಾವ ಕೆಲಸದಲ್ಲೂ ಆಗಿಲ್ಲ, ಗೌರಕ್ಕ.

ಅದನ್ನು ಕಾಗದದಲ್ಲಿ ಸುತ್ತಿ ಗೂಡಿನಲ್ಲಿಟ್ಟೆ. ನಾಳೆ ಬಸ್ಸಿಗೆ ಕೊಟ್ಟು ಕಳಿಸೋಣ ಎಂದುಕೊಂಡೆ. ಆದರೆ ಕಳಿಸಿದರೆ ಏನೆಂದು ಹೇಳಲಿ? ಅಷ್ಟು ಜನರ ಮುಂದೆ ಹಲಗೆ ನಿಲ್ಲಿಸಿ ಬಂದವನು — ಕೇಳಿದರೆ ಕೊಟ್ಟರಾಯಿತು. ಇಂದು ಕೇಳುತ್ತಾರೆ, ನಾಳೆ ಕೇಳುತ್ತಾರೆ ಎನ್ನುತ್ತಾ ದಿನ ದೂಡಿದೆ. ನೀವು ಯಾಕೆ ಕೇಳುತ್ತೀರಿ? ತಪ್ಪು ನಿಮ್ಮದೆಂದು ನಾನೇ ಒಪ್ಪಿಸಿ ಬಂದಿದ್ದೆನಲ್ಲ.

ಮದುವೆಗೆ ಎರಡು ದಿನವಿದೆ ಎನ್ನುವಾಗ ಹನುಮಂತಪ್ಪನವರು ತಮ್ಮನ ಜೊತೆ ಅಂಗಡಿಗೆ ಬಂದರು, ಧಾರೆಯ ಗಿಂಡಿ ಒಯ್ಯಲು. ಅದರ ಮೂತಿಗೆ ಬೆಸುಗೆ ಹಾಕಲು ಮೊದಲೇ ಕೊಟ್ಟಿದ್ದರು.

"ಮನೇಲಿ ಹೆಂಗಿದಾರ್ರೀ?" ಎಂದೆ.

"ಎಂತ ಹೇಳಾದು ಸಾಬ್ರೆ. ಅವಳಿಗೆ ಕಟ್ಕಳಾದೇ ಬರಲ್ಲ. ನಿಮ್ಮನ್ನ ಅಂದು ಏನ್ ಮಾಡಾದು. ಧಾರೆಗೆ ನಮ್ಮ ತಮ್ಮನೂ ಅವನ ಹೆಂಡ್ತಿನೂ ನಿಲ್ತಾರೆ."

ಗೂಡು ನನ್ನ ಬಲಗೈಗೆ ಎಟಕುವಷ್ಟು ದೂರದಲ್ಲಿತ್ತು. ಕೈ ಚಾಚಿದ್ದರೆ ಸಾಕಿತ್ತು. ನಿಮ್ಮ ಮೈದುನ ಪಕ್ಕದಲ್ಲೇ ನಿಂತಿದ್ದ, ಅಂದು ಜಗಲಿಯಲ್ಲಿ ನನಗೆ ಭೇಷ್ ಎಂದವನು. ನಾನು ಗಿಂಡಿ ಎತ್ತಿ ಕೊಟ್ಟೆ. "ಮೂತಿ ಗಟ್ಟಿ ಮಾಡೀನ್ರೀ, ಒಂದು ಹನಿ ಸೋರಲ್ಲ," ಎಂದೆ.

ಮದುವೆಗೆ ಖೈರುನ್ ಒಬ್ಬಳೇ ಹೋದಳು. ನೀವು ಹಿತ್ತಿಲ ಕೋಣೆಯಲ್ಲಿದ್ದಿರಂತೆ. ಹೊಟ್ಟೆ ಸುಮ್ಮನಿರಲಿ ಎಂದು ಎರಡು ದಿನದಿಂದ ಏನೂ ತಿಂದಿರಲಿಲ್ಲವಂತೆ. ವಾಲಗ ಜೋರಾದಾಗ ಗೋಡೆಗೆ ಕೈ ಇಟ್ಟು, "ಈಗ ಎರೀತಿದಾರೆ ನೋಡು," ಅಂದಿರಂತೆ. ಮನೆಗೆ ಬಂದವಳು ಗೂಡಿನ ಕಾಗದ ಬಿಚ್ಚಿ ನೋಡಿದಳು, ಮತ್ತೆ ಸುತ್ತಿಟ್ಟಳು. ಬೈದಿದ್ದರೆ ಚೆನ್ನಾಗಿತ್ತು.

ಆಮೇಲಾದರೂ ನಿಜ ಹೇಳಿದೆನೇ? ಮುಂದಿನ ಸಂತೆಯ ದಿನ ಹಳೆಯ ಬಟ್ಟಲು ಇಸಿದುಕೊಂಡು, ಅದರ ಮುಂದಿನ ವಾರ ಹೊಸದನ್ನು ಕೊಟ್ಟೆ. ಇದು ಅದೇ ಹಳೆಯ ಬಟ್ಟಲು, ಕಲಾಯಿ ಮಾಡಿ ಅಂಚಿಗೆ ರಬ್ಬರು ಹಾಕಿದ್ದೇನೆ ಅಂತ ಹನುಮಂತಪ್ಪನವರಿಗೆ ಹೇಳಿದೆ. ಅವರು ನಂಬಿದರು.

ಐದಾರು ತಿಂಗಳ ಮೇಲೆ ನೀವೇ ಬಂದಿರಿ. ಕುಬಟೂರಿನಿಂದ ಅಷ್ಟು ದೂರ ಬಸ್ಸಿನಲ್ಲಿ ಕೂತು ಬಂದು, ನನ್ನ ಅಂಗಡಿಯ ಮುಂದಿನ ಕಟ್ಟೆಯ ಮೇಲೆ ಕೂತಿರಿ. ನಾನು ಮೊದಲು ನೋಡಿದ್ದು ನಿಮ್ಮ ಮುಖವನ್ನಲ್ಲ, ನೀವು ಕೂತ ಭಂಗಿಯನ್ನು. ಸೀರೆ ಒಣಗೇ ಇತ್ತು. ಚರ್ಮ ಮಾಯಿತು, ನರ್ಸಮ್ಮ ಹೇಳಿದ ಹಾಗೆ ಬಿಸಿನೀರಲ್ಲಿ ತೊಳೆದು ಒರೆಸಿ ಬಿಳಿ ಮುಲಾಮು ಹಚ್ಚುತ್ತೀನಿ ಎಂದಿರಿ. ಆಮೇಲೆ ಎಲೆ ಅಡಿಕೆ, ತೆಂಗಿನಕಾಯಿ ನನ್ನ ಮುಂದೆ ಇಟ್ಟಿರಿ.

"ನಿಮ್ಮ ಕೆಲಸಕ್ಕೆ ಹೆಸರಿಟ್ಟಿದ್ದೆ ಸಾಬ್ರೆ, ತಪ್ಪಾತು. ಈಗ ನಂಗೆ ಕಟ್ಕಳಾದು ಬಂತು. ಆವಾಗ್ಲೇ ಕಲ್ತಿದ್ರೆ ಮಗಳಿಗೆ ಧಾರೆ ಎರೀತಿದ್ದೆ. ನನ್ ಬುದ್ಧಿಗೇಡಿತನ."

ನಾನೇನು ಹೇಳಿದೆ ಗೊತ್ತೇ? ನಿಮಗೆ ನೆನಪಿರಲಿಕ್ಕಿಲ್ಲ. "ಇರ್ಲಿ ಬಿಡ್ರಿ ಅಕ್ಕ," ಎಂದೆ. ಕ್ಷಮಿಸಿದವನ ಹಾಗೆ. ತೆಂಗಿನಕಾಯಿಯನ್ನೂ ತೆಗೆದುಕೊಂಡೆ.

ಈಗ ಅದಕ್ಕೆಲ್ಲ ಚೀಲಗಳು ಬಂದಿವೆಯಂತೆ, ಬಾಯಿ ಒಳಗೆ ಸರಿದವರಿಗೆಂದು ಅಂಚು ಉಬ್ಬಿದ ಬಳೆಯಿರುವ ಚೀಲಗಳೇ ಬೇರೆ ಇವೆಯಂತೆ. ಕೇಳಿದಾಗ, ನಾನು ಅಂದೇ ಮಾಡಿದ್ದೆ ಎಂದು ಒಂದು ಗಳಿಗೆ ಬೀಗಿದೆ. ಬುದ್ಧಿ ಇನ್ನೂ ಹಾಗೇ ಇದೆ ನೋಡಿ.

ನಿಮಗೆ ಓದು ಬರುವುದಿಲ್ಲ, ಇದನ್ನು ಸರೋಜಳೇ ಓದಿ ಹೇಳಬೇಕು. ಅವಳಿಗೂ ತಿಳಿಯಲಿ, ಧಾರೆಯ ಹೊತ್ತಿನಲ್ಲಿ ಅವ್ವ ಯಾಕೆ ಇರಲಿಲ್ಲ ಎನ್ನುವುದು. ಗಿಂಡಿಗೆ ಈ ಸಲವೂ ನಾನೇ ಬೆಸುಗೆ ಹಾಕಿದ್ದೇನೆ, ಸ್ವಲ್ಪ ಒರಟಾಗಿದೆ. ಸೋಮವಾರದ ಬಸ್ಸಿಗೆ ನಾನೇ ತರುತ್ತೇನೆ. ಜೊತೆಗೆ ಆ ಮೊದಲನೇ ಬಟ್ಟಲನ್ನೂ ತರುತ್ತೇನೆ, ಇನ್ನೂ ನನ್ನ ಬಳಿಯೇ ಇದೆ. ಹಲಗೆಗೆ ಕಟ್ಟಿ ನಿಲ್ಲಿಸಿದರೆ ಅದು ಇವತ್ತಿಗೂ ಸೋರುವುದಿಲ್ಲ.

ನಿಮ್ಮ ಮೇಲೆ ತಪ್ಪು ಹೊರಿಸಿದ್ದು ಹತ್ತು ಜನರ ಮುಂದೆ. ಇದನ್ನೂ ಹತ್ತು ಜನರ ಮುಂದೆಯೇ ಹೇಳಬೇಕೋ, ನಿಮ್ಮೊಬ್ಬರಿಗೆ ಹೇಳಿದರೆ ಸಾಕೋ, ನನಗೆ ತಿಳಿಯದು. ಜಗಲಿಯ ಕೆಳಗೆ ನಿಂತಿರುತ್ತೇನೆ. ಹೇಗೆಂದು ನೀವೇ ಹೇಳಿ, ಗೌರಕ್ಕ — ಈ ಸಲ ಅಳತೆಯನ್ನು ನಿಮ್ಮನ್ನು ಕೇಳಿಯೇ ತೆಗೆದುಕೊಳ್ಳುತ್ತೇನೆ.